ಕಾಲಕ್ಕೊಂದು ಕಟ್ಟ

ಮೊನ್ನೆ ಮಳೆಗಾಲಕ್ಕೆ ಸ್ವಲ್ಪ ಮುಂಚೆ ಊರಿಗೆ ಹೋಗಿದ್ದೆ. ಊರು ಅಂದರೆ ಬಂಟ್ವಾಳ ತಾಲೂಕಿನ ಒಂದು ಮೂಲೆ. ಬಿ.ಸಿ.ರೋಡಿನಲ್ಲಿ ಇಳಿದು, ಇನ್ನೊಂದು ಬಸ್ಸು ಹತ್ತಿ, ಆಮೇಲೆ ತೋಟದ ಬದಿಯಲ್ಲಿ ಒಂದು ಮೈಲು ನಡೆದರೆ ಸಿಗುವ ಮನೆ. ದೊಡ್ಡಪ್ಪನ ಮನೆ. ಹಳೆಯ ಹಂಚು ಇಳಿಸಿ ಮಾಡು ರಿಪೇರಿ ಮಾಡಿಸುವುದಿತ್ತು. ಅಟ್ಟ ಖಾಲಿ ಮಾಡುವ ಕೆಲಸ ನನ್ನ ಪಾಲಿಗೆ ಬಂತು.

ನಮ್ಮ ಕಡೆಯ ಅಟ್ಟಗಳಲ್ಲಿ ಏನೆಲ್ಲ ಇರುತ್ತದೆ ಎಂದು ನಿಮಗೂ ಗೊತ್ತಿರಬಹುದು. ತಳ ಹೋದ ಕೊಪ್ಪರಿಗೆ, ಒನಕೆ, ಹಳೆಯ ಪಂಚಾಂಗಗಳ ಕಟ್ಟು, ಯಾರದೋ ಮದುವೆಯ ಗ್ರೂಪ್ ಫೋಟೋ... ಎಲ್ಲದರ ಹಿಂದೆ ಗೋಣಿ ಹೊದ್ದುಕೊಂಡು ಒಂದು ಚಕ್ರ ನಿಂತಿತ್ತು. ಸೈಕಲ್ಲಿನ ರಿಮ್ಮು. ಅದರ ಸುತ್ತ ಗೇಣುದ್ದದ 16 ಪಿವಿಸಿ ಪೈಪಿನ ತುಂಡುಗಳನ್ನು ಸ್ವಲ್ಪ ಓರೆಯಾಗಿ ತಂತಿಯಿಂದ ಬಿಗಿದಿದ್ದರು. ಪ್ರತಿ ಪೈಪಿನೊಳಗೂ ಒಂದೊಂದು ಬೇರಿಂಗ್ ಗುಂಡು. ಎರಡೂ ಬಾಯಿಗೆ ಮೇಣ.

ನೋಡಿದ ಕೂಡಲೇ ಮುಖ ಬಿಸಿಯಾಯಿತು. ಯಾಕೆ ಅಂತ ಆಮೇಲೆ ಹೇಳುತ್ತೇನೆ.

ದೊಡ್ಡಪ್ಪ ಅದನ್ನು 'ಕಾಲಯಂತ್ರ' ಎಂದು ಕರೆಯುತ್ತಿದ್ದರು. ಸಿನಿಮಾದಲ್ಲಿ ಬರುವಂತೆ ಹಿಂದಿನ ಕಾಲಕ್ಕೆ ಹೋಗಿ ಬರುವ ಯಂತ್ರವಲ್ಲ. ಕಾಲದಿಂದ ಶಕ್ತಿ ತೆಗೆಯುವ ಯಂತ್ರ! ಅವರ ವಾದ ಸರಳ. ಸೂರ್ಯ ದಿನವೂ ಬರುತ್ತಾನೆ, ಚಂದ್ರ ಬೆಳೆಯುತ್ತಾನೆ, ಕರಗುತ್ತಾನೆ, ಆಟಿ ಹೋಗಿ ಸೋಣ ಬರುತ್ತದೆ. ಇದಕ್ಕೆಲ್ಲ ಯಾರೂ ಡೀಸೆಲ್ ಹಾಕುವುದಿಲ್ಲ. ಅಂದ ಮೇಲೆ ತಿರುಗಿಸುವ ಬಲ ಕಾಲದಲ್ಲೇ ಇರಬೇಕು. "ಕಾಲ ಸುಮ್ಮನೆ ಹರಿದು ಹೋಗ್ತಾ ಉಂಟು ಮಾರಾಯ, ಅದಕ್ಕೊಂದು ಕಟ್ಟ ಕಟ್ಟಿದವರೇ ಇಲ್ಲ" ಎನ್ನುತ್ತಿದ್ದರು. ಘಟ್ಟದ ಮೇಲಿನವರಿಗೆ ಒಂದು ಮಾತು: ಕಟ್ಟ ಅಂದರೆ ಮಳೆ ನಿಂತ ಮೇಲೆ ತೋಡಿಗೆ ಅಡ್ಡವಾಗಿ ಕಲ್ಲು, ಮಣ್ಣು, ಸೊಪ್ಪು ಹಾಕಿ ಕಟ್ಟುವ ತಾತ್ಕಾಲಿಕ ಒಡ್ಡು. ನಿಂತ ನೀರು ತೋಟಕ್ಕೆ ಬರುತ್ತದೆ. ಮುಂದಿನ ಮಳೆಗೆ ಒಡ್ಡು ಕೊಚ್ಚಿ ಹೋಗುತ್ತದೆ. ನೇತ್ರಾವತಿ 1974ರಲ್ಲಿ ಬಂಟ್ವಾಳ ಪೇಟೆಯೊಳಗೆ ನುಗ್ಗಿದ್ದನ್ನು ಕಣ್ಣಾರೆ ಕಂಡು, 1923ರ ನೆರೆಯ ಕಥೆಯನ್ನು ತನ್ನ ಅಪ್ಪನ ಬಾಯಿಂದ ಕೇಳಿದ್ದ ಮನುಷ್ಯ ಅವರು. ವರ್ಷಗಳನ್ನು ನೆರೆಯಿಂದಲೇ ಎಣಿಸುತ್ತಿದ್ದರು. ಅಂಥವರಿಗೆ ಕಾಲವೂ ಒಂದು ಹೊಳೆಯಂತೆ ಕಂಡರೆ ಆಶ್ಚರ್ಯವೇನಿಲ್ಲ.

ಹತ್ತು ಹನ್ನೆರಡು ವರ್ಷ ಆ ಚಕ್ರದ ಹಿಂದೆ ಬಿದ್ದಿದ್ದರು. ಮೊದಲು ಮರದ್ದು, ಆಮೇಲೆ ತಗಡಿನದ್ದು, ಕೊನೆಗೆ ಈ ಸೈಕಲ್ ರಿಮ್ಮಿನದ್ದು. ಅಡಿಕೆ ಮಾರಿದ ದುಡ್ಡು ಲೇತ್ ಅಂಗಡಿಗೆ ಹೋಯಿತು. ತೋಡಿನಾಚೆಯ ಒಂದು ತುಂಡು ಗದ್ದೆಯೂ ಹೋಯಿತು. ದೊಡ್ಡಮ್ಮ ಅತ್ತದ್ದನ್ನು ನಾನು ನೋಡಿದ್ದೇನೆ. ಚಕ್ರವನ್ನು ಕೈಯಿಂದ ದೂಡಿದರೆ ಕಟಕಟ ಸದ್ದು ಮಾಡುತ್ತಾ ಹತ್ತು ಹದಿನೈದು ಸುತ್ತು ಹಾಕುತ್ತಿತ್ತು. ಆಮೇಲೆ ನಿಧಾನವಾಗಿ, ಸ್ವಲ್ಪ ಹಿಂದೆ ಮುಂದೆ ಆಡಿ, ನಿಂತುಬಿಡುತ್ತಿತ್ತು. "ಬೇರಿಂಗು ಸರಿ ಇಲ್ಲ" ಎನ್ನುತ್ತಿದ್ದರು.

ನಾನು ಆಗ ಇಂಜಿನಿಯರಿಂಗ್ ಎರಡನೇ ವರ್ಷ. ಎರಡನೇ ವರ್ಷದ ಹುಡುಗರಿಗೆ ಗೊತ್ತಿಲ್ಲದ್ದು ಪ್ರಪಂಚದಲ್ಲಿ ಏನಿರುತ್ತದೆ ಹೇಳಿ? ಒಂದು ಪೂಜೆಗೆ ನೆಂಟರೆಲ್ಲ ಸೇರಿದ್ದಾಗ ದೊಡ್ಡಪ್ಪ ಚಕ್ರ ತೋರಿಸಿ ವಿವರಿಸುತ್ತಿದ್ದರು. ನಾನು ನಡುವೆ ಬಾಯಿ ಹಾಕಿ, "ದೊಡ್ಡಪ್ಪ, ಇದು ಯಾವತ್ತೂ ತಿರುಗುವುದಿಲ್ಲ, ಹೈಸ್ಕೂಲು ಮಕ್ಕಳಿಗೂ ಗೊತ್ತುಂಟು" ಅಂದೆ. ಎಲ್ಲರೂ ನಕ್ಕರು. ಅವರೂ ನಕ್ಕರು. ಆದರೆ ಅಲ್ಲಿಂದ ಮುಂದೆ ನನ್ನ ಹತ್ತಿರ ಆ ಚಕ್ರದ ಸುದ್ದಿ ತೆಗೆಯಲಿಲ್ಲ. ಕೆಲವು ವರ್ಷ ಕಳೆದು ತೀರಿಕೊಂಡರು. ಮುಖ ಬಿಸಿಯಾದದ್ದು ಅದಕ್ಕೆ.

ಚಕ್ರದ ಜೊತೆ ಒಂದು 200 ಪುಟದ ನೋಟ್‌ಬುಕ್ ಸಿಕ್ಕಿತು. ಮೊದಲ ಪುಟಕ್ಕೆ ಯಾವುದೋ ಹಳೆಯ ಪತ್ರಿಕೆಯ ಕಟಿಂಗ್ ಅಂಟಿಸಿದ್ದರು. ಪತ್ರಿಕೆಯ ಹೆಸರು, ತಾರೀಕು ಇರುವ ಭಾಗ ಕತ್ತರಿಸಿ ಹೋಗಿದೆ. ಅದರಲ್ಲಿದ್ದ ಸಾರಾಂಶ ಇಷ್ಟು: ಭಾಸ್ಕರಾಚಾರ್ಯರು ತಾನಾಗಿಯೇ ತಿರುಗುವ ಚಕ್ರವನ್ನು ಕಂಡುಹಿಡಿದಿದ್ದರು, ಪಾದರಸದಿಂದ ನಡೆಯುತ್ತಿತ್ತು, ಪಾಶ್ಚಾತ್ಯರು ಅದನ್ನು ಕದ್ದರು, ನಾವು ಮರೆತೆವು. ಕೆಳಗೆ ದೊಡ್ಡಪ್ಪನ ಅಕ್ಷರದಲ್ಲಿ ಒಂದೇ ಸಾಲು: 'ಪಾದರಸ ಅಪಾಯ, ಗುಂಡು ಹಾಕಬೇಕು.'

ಆವತ್ತು ರಾತ್ರಿ ನಿದ್ದೆ ಬರಲಿಲ್ಲ. ಇಪ್ಪತ್ತು ವರ್ಷದ ಹಿಂದೆ ನಾನು 'ತಿರುಗುವುದಿಲ್ಲ' ಅಂದಿದ್ದೆನೇ ಹೊರತು ಭಾಸ್ಕರಾಚಾರ್ಯರು ಏನು ಬರೆದಿದ್ದಾರೆ ಎಂದು ತೆರೆದು ನೋಡಿರಲಿಲ್ಲ. ಬೆಂಗಳೂರಿಗೆ ವಾಪಸು ಬಂದ ಮೇಲೆ ಹುಡುಕಿ ಓದಿದೆ. ಓದಿದ್ದನ್ನು ನಿಮ್ಮ ಮುಂದಿಡೋಣ ಅಂತ ಈ ಬರಹ.

ಮೊದಲು ಗಳಿಗೆ ಬಟ್ಟಲಿನಿಂದ ಶುರು ಮಾಡಬೇಕು. ತಾಮ್ರದ ಒಂದು ತೆಳು ಬಟ್ಟಲು, ತಳದಲ್ಲಿ ಸೂಜಿ ಮೊನೆಯಷ್ಟು ತೂತು. ದೊಡ್ಡ ಪಾತ್ರೆಯ ನೀರಿನ ಮೇಲೆ ಇಟ್ಟರೆ ತೂತಿನಿಂದ ನೀರು ಒಳಗೆ ಬರುತ್ತಾ ಬರುತ್ತಾ 24 ನಿಮಿಷಕ್ಕೆ ಮುಳುಗುತ್ತದೆ. ಅದು ಒಂದು ಗಳಿಗೆ. ದಿನಕ್ಕೆ 60 ಗಳಿಗೆ. ಸೂರ್ಯಸಿದ್ಧಾಂತದಲ್ಲೂ ದಿನಕ್ಕೆ 60 ಸಲ ಮುಳುಗುವ ತಾಮ್ರದ ಪಾತ್ರೆಯ ವಿವರಣೆ ಇದೆ. ಗಡಿಯಾರ ಬರುವ ಮುಂಚೆ ಮದುವೆಯ ಮುಹೂರ್ತ, ಮಗು ಹುಟ್ಟಿದ ಹೊತ್ತು, ಎಲ್ಲ ಇದರಲ್ಲೇ. 'ಒಂದು ಗಳಿಗೆ ಕೂತ್ಕೋ' ಎಂದು ಇವತ್ತಿಗೂ ಹೇಳುತ್ತೇವಲ್ಲ, ಆ ಗಳಿಗೆ ಈ ಬಟ್ಟಲಿನದ್ದು.

ಈ ಬಟ್ಟಲಿನ ಪ್ರಸಿದ್ಧ ಕಥೆ ಲೀಲಾವತಿಯದ್ದು. ಭಾಸ್ಕರಾಚಾರ್ಯರ ಮಗಳು ಲೀಲಾವತಿ ಮುಹೂರ್ತಕ್ಕಾಗಿ ಇಟ್ಟ ಬಟ್ಟಲಿನೊಳಗೆ ಬಗ್ಗಿ ನೋಡುತ್ತಾಳೆ. ಅವಳ ಆಭರಣದ ಮುತ್ತೊಂದು ಉದುರಿ ತೂತಿಗೆ ಅಡ್ಡವಾಗುತ್ತದೆ. ಬಟ್ಟಲು ಮುಳುಗುವುದೇ ಇಲ್ಲ, ಮುಹೂರ್ತ ದಾಟಿ ಹೋಗುತ್ತದೆ. ಮಗಳ ಸಮಾಧಾನಕ್ಕೆ ಅಪ್ಪ ಅವಳ ಹೆಸರಲ್ಲೇ ಗಣಿತದ ಪುಸ್ತಕ ಬರೆಯುತ್ತಾರೆ. ಈ ಕಥೆ ಭಾಸ್ಕರಾಚಾರ್ಯರ ಗ್ರಂಥದಲ್ಲಿಲ್ಲ. ಬಂದಿರುವುದು ಅಕ್ಬರನ ಆಸ್ಥಾನದ ಕವಿ ಫೈಜಿ 1587ರಲ್ಲಿ ಮಾಡಿದ ಲೀಲಾವತಿಯ ಪರ್ಶಿಯನ್ ಅನುವಾದದಿಂದ. ನಿಜವೋ ಸುಳ್ಳೋ, ಕಥೆ ಕಟ್ಟಿದವರಿಗೆ ಗಳಿಗೆ ಬಟ್ಟಲಿನ ಕಷ್ಟ ಚೆನ್ನಾಗಿ ಗೊತ್ತಿತ್ತು. ಅದರ ಮುಂದೆ ಯಾರಾದರೂ ಕೂತೇ ಇರಬೇಕು. ಮುಳುಗಿದ ಕೂಡಲೇ ಎತ್ತಿ, ಖಾಲಿ ಮಾಡಿ, ಮತ್ತೆ ತೇಲಿಸಬೇಕು. ರಾತ್ರಿ ತೂಕಡಿಸಿದರೆ ಲೆಕ್ಕ ತಪ್ಪಿತು.

ಹಾಗಾಗಿ ಕಾಲಕ್ಕೆ ಸರಿಯಾಗಿ ತಾನೇ ನಡೆಯುವ ಯಂತ್ರ ಬೇಕು ಎನ್ನುವ ಆಸೆ ಜ್ಯೋತಿಷಿಗಳಿಗೆ ಹುಟ್ಟಿದ್ದು ಸಹಜ. ಸಂಸ್ಕೃತದಲ್ಲಿ ಇದಕ್ಕೆ 'ಸ್ವಯಂವಹ' ಎಂಬ ಹೆಸರು.

499ರಲ್ಲಿ ಆರ್ಯಭಟ ಒಂದು ಹಗುರ ಮರದ ಗೋಳದ ಬಗ್ಗೆ ಹೇಳುತ್ತಾನೆ. ಪಾದರಸ, ಎಣ್ಣೆ, ನೀರು ಬಳಸಿ ಅದನ್ನು ಕಾಲಕ್ಕೆ ಸಮನಾಗಿ ತಿರುಗಿಸಬೇಕು. ಹೇಗೆ ಎಂದು ವ್ಯಾಖ್ಯಾನಕಾರರು ಬಿಡಿಸಿ ಹೇಳಿದ್ದಾರೆ. ತಳದಲ್ಲಿ ತೂತಿರುವ ಎತ್ತರದ ಪಾತ್ರೆಯಲ್ಲಿ ನೀರು, ಅದರ ಮೇಲೆ ಪಾದರಸ ಹಾಕಿ ಭಾರ ಮಾಡಿದ ಸೋರೆ ಬುರುಡೆ, ಬುರುಡೆಯಿಂದ ಗೋಳಕ್ಕೆ ಸುತ್ತಿದ ಹುರಿ. ನೀರು ಸೋರಿ ಮಟ್ಟ ಇಳಿದಂತೆ ಬುರುಡೆಯೂ ಇಳಿಯುತ್ತದೆ, ಹುರಿ ಎಳೆಯುತ್ತದೆ, ಗೋಳ ದಿನಕ್ಕೊಂದು ಸುತ್ತು ಹಾಕುತ್ತದೆ. ಎಣ್ಣೆ ಅಚ್ಚಿಗೆ. ಇದು ಖಂಡಿತ ನಡೆಯುತ್ತದೆ, ನೀವೂ ಮನೆಯಲ್ಲಿ ಮಾಡಬಹುದು. ಯಾಕೆಂದರೆ ನೀರು ಕೆಳಗೆ ಇಳಿಯುತ್ತಿದೆ. ಮರುದಿನ ಯಾರೋ ಒಬ್ಬರು ಮತ್ತೆ ಕೊಡ ಎತ್ತಿ ತುಂಬಬೇಕು.

628ರಲ್ಲಿ ಬ್ರಹ್ಮಗುಪ್ತ ಒಂದು ಹೆಜ್ಜೆ ಮುಂದೆ ಹೋದ. ಬ್ರಾಹ್ಮಸ್ಫುಟಸಿದ್ಧಾಂತದಲ್ಲಿ ಅವನು ವಿವರಿಸುವ ಚಕ್ರದಲ್ಲಿ ನೀರಿಲ್ಲ, ಕೊಡವಿಲ್ಲ, ಹುರಿಯಿಲ್ಲ. ಹಗುರ ಮರದ ಚಕ್ರ, ಸಮ ಅಂತರದಲ್ಲಿ ಟೊಳ್ಳು ಅರೆಗಳು. ಪ್ರತಿ ಅರೆಯಲ್ಲಿ ಅರ್ಧ ಪಾದರಸ ತುಂಬಿ ಬಾಯಿ ಮುಚ್ಚಿ, ಚಕ್ರವನ್ನು ಎರಡು ಕಂಬಗಳ ನಡುವೆ ಅಚ್ಚಿನ ಮೇಲೆ ಕೂರಿಸಬೇಕು. ಆಗ ಒಂದು ಕಡೆ ಪಾದರಸ ಮೇಲೇರುತ್ತದೆ, ಇನ್ನೊಂದು ಕಡೆ ಇಳಿಯುತ್ತದೆ, ಚಕ್ರ ತಾನೇ ತಿರುಗುತ್ತದಂತೆ. ನೋಡಿ, ಇತಿಹಾಸದ ತಿರುವು ಇಲ್ಲಿದೆ. ಆರ್ಯಭಟನ ಗೋಳಕ್ಕೆ ದಿನವೂ ಕೊಡ ಎತ್ತುವ ಒಂದು ಕೈ ಬೇಕಿತ್ತು. ಬ್ರಹ್ಮಗುಪ್ತನ ಚಕ್ರದಲ್ಲಿ ಆ ಕೈಯೇ ಮಾಯವಾಯಿತು.

ಇನ್ನು ಭಾಸ್ಕರಾಚಾರ್ಯರು. 1114ರಲ್ಲಿ ಹುಟ್ಟಿ, 36ನೇ ವಯಸ್ಸಿನಲ್ಲಿ, ಅಂದರೆ 1150ರಲ್ಲಿ ಸಿದ್ಧಾಂತಶಿರೋಮಣಿ ಬರೆದವರು. ತಮ್ಮ ಊರು ಸಹ್ಯಾದ್ರಿಯ ಆಶ್ರಯದಲ್ಲಿರುವ ವಿಜ್ಜಡವಿಡ ಎಂದು ಅವರೇ ಹೇಳಿಕೊಂಡಿದ್ದಾರೆ. ಅದು ನಮ್ಮ ವಿಜಾಪುರವೇ ಎನ್ನುವವರಿದ್ದಾರೆ. ಮಹಾರಾಷ್ಟ್ರದ ಚಾಳೀಸಗಾಂವ್ ಹತ್ತಿರ ಎನ್ನುವವರೂ ಇದ್ದಾರೆ. ಅಲ್ಲಿನ ಪಾಟಣದಲ್ಲಿ ಭಾಸ್ಕರರ ಗ್ರಂಥಗಳನ್ನು ಕಲಿಸಲು ಅವರ ಮೊಮ್ಮಗ ಚಂಗದೇವ ಮಠ ಸ್ಥಾಪಿಸಿದ ಬಗ್ಗೆ 1207ರ ಶಾಸನವಿದೆ. ಆ ಜಗಳ ಇರಲಿ, ಚಕ್ರಕ್ಕೆ ಬರೋಣ.

ನಾನು ಓದಿದ್ದು ಲ್ಯಾನ್ಸೆಲಾಟ್ ವಿಲ್ಕಿನ್ಸನ್ ಮಾಡಿದ, ಬಾಪೂದೇವ ಶಾಸ್ತ್ರಿಗಳು ತಿದ್ದಿ 1861ರಲ್ಲಿ ಕಲ್ಕತ್ತೆಯಲ್ಲಿ ಅಚ್ಚಾದ ಇಂಗ್ಲಿಷ್ ಅನುವಾದ. ಗೋಲಾಧ್ಯಾಯದೊಳಗೆ ಯಂತ್ರಗಳ ಅಧ್ಯಾಯ ಒಂದಿದೆ. ಅಲ್ಲಿ ಮೂರು ಸ್ವಯಂವಹ ಚಕ್ರಗಳ ವಿವರ ಬರುತ್ತದೆ. ಮೊದಲನೆಯದು ಟೊಳ್ಳು ಅರೆಗಳಿಗೆ ಅರ್ಧ ಪಾದರಸ ತುಂಬಿದ್ದು. ಅರೆಗಳು ನೇರವಾಗಿರದೆ ಸ್ವಲ್ಪ ಓರೆಯಾಗಿರಬೇಕು. ದೊಡ್ಡಪ್ಪನ ಪೈಪುಗಳು ಓರೆಯಾಗಿದ್ದದ್ದು ಅದಕ್ಕೇ! ಎರಡನೆಯದರಲ್ಲಿ ಚಕ್ರದ ಅಂಚಿಗೆ ಕಾಲುವೆ ಕೊರೆದು, ತಾಳೆ ಗರಿ ಮತ್ತು ಮೇಣದಿಂದ ಮುಚ್ಚಿ, ಒಳಗೆ ನೀರು, ಪಾದರಸ ತುಂಬಬೇಕು. ಮೂರನೆಯದರಲ್ಲಿ ಚಕ್ರದ ಸುತ್ತ ಚಿಕ್ಕ ಚಿಕ್ಕ ಪಾತ್ರೆಗಳು, ಅವಕ್ಕೆ ಮೇಲಿನ ತೊಟ್ಟಿಯಿಂದ ಬಾಗಿದ ನಳಿಗೆಯಲ್ಲಿ ನೀರು ಬೀಳುತ್ತದೆ. ನಾವು ಟ್ಯಾಂಕಿನಿಂದ ಪೈಪು ಚೀಪಿ ನೀರು ತೆಗೆಯುತ್ತೇವಲ್ಲ, ಅದೇ ಸೈಫನ್.

ಕಟಿಂಗಿನಲ್ಲಿ ಇದ್ದದ್ದು ಮೊದಲನೆಯ ಚಕ್ರ ಮಾತ್ರ. ಅದರ ಮುಂದೆ ಭಾಸ್ಕರಾಚಾರ್ಯರು ಏನು ಹೇಳುತ್ತಾರೆ ಎಂದು ಓದಿದಾಗ ನಾನು ಕುರ್ಚಿಯಿಂದ ಎದ್ದು ನಿಂತೆ. ಅವರು ಹೇಳುವುದರ ತಾತ್ಪರ್ಯ ಇದು: ತಾನಾಗಿ ತಿರುಗುವ ಯಂತ್ರಗಳು ಇನ್ನೂ ಬೇಕಾದಷ್ಟು ನೋಡಲು ಸಿಗುತ್ತವೆ, ಆದರೆ ಅವು ತಿರುಗುವುದು ಏನೋ ಒಂದು ಉಪಾಯದಿಂದ. ಇವಕ್ಕೂ ಗೋಲದ ವಿಷಯಕ್ಕೂ ಸಂಬಂಧವಿಲ್ಲ. ಹಿಂದಿನವರು ಹೇಳಿದ್ದಾರೆ ಎಂಬ ಕಾರಣಕ್ಕೆ ನಾನೂ ಹೇಳಿದ್ದೇನೆ, ಅಷ್ಟೇ!

ಹೌದು. ಎಂಟುನೂರು ಚಿಲ್ಲರೆ ವರ್ಷಗಳ ಹಿಂದೆ ಆ ಮನುಷ್ಯ ತನ್ನ ಕೈ ತೊಳೆದುಕೊಂಡಿದ್ದಾರೆ. ಕಟಿಂಗ್ ಬರೆದವರು ಆ ಭಾಗವನ್ನು ಓದಲಿಲ್ಲವೋ, ಓದಿಯೂ ಬಿಟ್ಟರೋ. ಆ ನಾಲ್ಕು ಸಾಲು ಇದ್ದಿದ್ದರೆ ತೋಡಿನಾಚೆಯ ಗದ್ದೆ ಇವತ್ತೂ ನಮ್ಮದೇ ಇರುತ್ತಿತ್ತೇನೋ. ನಮ್ಮವರು ಎಲ್ಲವನ್ನೂ ಕಂಡುಹಿಡಿದಿದ್ದರು ಎಂದು ಹೇಳುವವರೂ ನಮ್ಮವರನ್ನು ಪೂರ್ತಿ ಓದುವುದಿಲ್ಲ. ಅದೆಲ್ಲ ಬೊಗಳೆ ಎಂದು ನಗುವ ನನ್ನಂಥವರೂ ಓದುವುದಿಲ್ಲ. ನಡುವೆ ಸಿಕ್ಕಿಕೊಳ್ಳುವವರು ದೊಡ್ಡಪ್ಪನಂಥವರು.

ಇನ್ನೊಂದು ಸ್ವಾರಸ್ಯ. ಭಾಸ್ಕರರಿಗಿಂತ ಸುಮಾರು ನಾಲ್ಕು ಶತಮಾನ ಹಿಂದಿನ ಲಲ್ಲನ ಒಂದು ಯಂತ್ರವನ್ನು ಅವರು ಟೀಕಿಸುತ್ತಾರೆ. ಅದು ಸಾಪೇಕ್ಷ, ಅಂದರೆ ಹೊರಗಿನದ್ದನ್ನು ಅವಲಂಬಿಸುತ್ತದೆ, ಆದ್ದರಿಂದ ಗ್ರಾಮ್ಯ ಎನ್ನುತ್ತಾರೆ. ಹಳ್ಳಿಗಾಡಿನದು! ಈ ಮಾತನ್ನು ನೆನಪಿಟ್ಟುಕೊಳ್ಳಿ, ಕೊನೆಯಲ್ಲಿ ಬೇಕಾಗುತ್ತದೆ.

ಕದ್ದರು ಎನ್ನುವ ಮಾತು ಬಂತಲ್ಲ, ಅದನ್ನೂ ನೋಡೋಣ. ಚಕ್ರ ಪಶ್ಚಿಮಕ್ಕೆ ಪ್ರಯಾಣ ಮಾಡಿರುವ ಸಾಧ್ಯತೆ ಇದೆ. ತಂತ್ರಜ್ಞಾನದ ಇತಿಹಾಸಕಾರ ಲಿನ್ ವೈಟ್, ನಿರಂತರ ಚಲನೆಯ ಕಲ್ಪನೆ ಭಾರತದಲ್ಲಿ ಹುಟ್ಟಿ ಅರಬ್ಬರ ಮೂಲಕ ಯುರೋಪಿಗೆ ಹೋಯಿತು ಎಂದು ವಾದಿಸಿದ್ದ. ಸುಮಾರು 1235ರಲ್ಲಿ ಫ್ರಾನ್ಸಿನ ವಿಲಾರ್ ದ ಒನೆಕೂರ್ ತನ್ನ ಚಿತ್ರಪುಸ್ತಕದಲ್ಲಿ ಸುತ್ತಿಗೆಗಳನ್ನು ನೇತುಹಾಕಿದ ತಾನಾಗಿ ತಿರುಗುವ ಚಕ್ರ ಬರೆದಿದ್ದಾನೆ. ಪಾದರಸದಿಂದಲೂ ಮಾಡಬಹುದು ಎಂದು ಸೇರಿಸಿದ್ದಾನೆ. ಅಲ್ಲಿಂದ ಮುಂದೆ ಐನೂರು ವರ್ಷ ಯುರೋಪಿನ ತುಂಬ ದೊಡ್ಡಪ್ಪಂದಿರು. ಅರ್ಜಿಗಳ ಕಾಟ ತಡೆಯಲಾರದೆ 1775ರಲ್ಲಿ ಪ್ಯಾರಿಸಿನ ವಿಜ್ಞಾನ ಅಕಾಡೆಮಿ, ಇನ್ನು ಮುಂದೆ ನಿರಂತರ ಚಲನೆಯ ಯಂತ್ರಗಳನ್ನು ಪರಿಶೀಲಿಸುವುದಿಲ್ಲ ಎಂದು ಬಾಗಿಲು ಹಾಕಿಕೊಂಡಿತು. ಕದ್ದರು ಅಂತಲೇ ಇಟ್ಟುಕೊಂಡರೂ ಅವರಿಗೆ ಸಿಕ್ಕಿದ್ದು ತಿರುಗದ ಚಕ್ರ.

ಯಾಕೆ ತಿರುಗುವುದಿಲ್ಲ? ಇದನ್ನಾದರೂ ನಾನು ಆವತ್ತು ಸಮಾಧಾನದಲ್ಲಿ ಕೂತು ಹೇಳಬಹುದಿತ್ತು. ಓರೆ ಪೈಪುಗಳಿಂದಾಗಿ ಇಳಿಯುವ ಬದಿಯಲ್ಲಿ ಗುಂಡುಗಳು ಅಂಚಿಗೆ ಜಾರುತ್ತವೆ. ಅಚ್ಚಿನಿಂದ ದೂರ, ಹಾಗಾಗಿ ಎಳೆತ ಜಾಸ್ತಿ. ಏರುವ ಬದಿಯಲ್ಲಿ ಗುಂಡುಗಳು ಅಚ್ಚಿನ ಹತ್ತಿರ, ಎಳೆತ ಕಡಿಮೆ. ಇಷ್ಟು ನೋಡಿದವರಿಗೆ ಚಕ್ರ ತಿರುಗಲೇಬೇಕು ಅನ್ನಿಸುತ್ತದೆ. ಆದರೆ ಎಣಿಸಿ ನೋಡಿ, ಏರುವ ಬದಿಯಲ್ಲಿ ಯಾವಾಗಲೂ ಹೆಚ್ಚು ಗುಂಡುಗಳಿರುತ್ತವೆ. ದೂರದ ಕೆಲವು, ಹತ್ತಿರದ ಹಲವು, ಲೆಕ್ಕ ಸರಿ ಹೋಗಿ ಚಕ್ರ ನಿಲ್ಲುತ್ತದೆ. ಅಟ್ಟದಿಂದ ಇಳಿಸಿದ ಮೇಲೆ ನಾನೂ ದೂಡಿ ನೋಡಿದೆ. ಅದೇ ಕಟಕಟ, ಅದೇ ಹಿಂದೆ ಮುಂದೆ ಆಟ, ಆಮೇಲೆ ಸ್ತಬ್ಧ. ಬೇರಿಂಗಿನದ್ದೇನೂ ತಪ್ಪಿಲ್ಲ.

ಆದರೆ ದೊಡ್ಡಪ್ಪನ ನಿಜವಾದ ಪ್ರಶ್ನೆ ಗುಂಡಿನದ್ದಲ್ಲ, ಕಾಲದ್ದು. ಕಾಲದಿಂದಲೇ ಶಕ್ತಿ ತೆಗೆಯಲು ಯಾಕಾಗದು? ಇದಕ್ಕೆ ಉತ್ತರ ಸಿಕ್ಕಿದ್ದು 1918ರಲ್ಲಿ. 1840ರ ದಶಕದಲ್ಲಿ ಮೇಯರ್, ಜೂಲ್, ಹೆಲ್ಮ್‌ಹೋಲ್ಟ್ಸ್ ಮೊದಲಾದವರು ಶಕ್ತಿ ಹುಟ್ಟುವುದಿಲ್ಲ, ಸಾಯುವುದಿಲ್ಲ, ರೂಪ ಬದಲಿಸುತ್ತದೆ ಎಂದು ತೋರಿಸಿಕೊಟ್ಟಿದ್ದರು. ಅದು ಯಾಕೆ ಹಾಗೆ ಎಂದು ಗಣಿತದಲ್ಲಿ ತೋರಿಸಿದವರು ಜರ್ಮನಿಯ ಎಮ್ಮಿ ನೊಎಥರ್ ಎಂಬ ಮಹಿಳೆ. ಹೆಣ್ಣು ಎಂಬ ಕಾರಣಕ್ಕೆ ಗಟಿಂಗನ್ ವಿಶ್ವವಿದ್ಯಾಲಯದಲ್ಲಿ ತನ್ನ ಹೆಸರಿನಲ್ಲಿ ಪಾಠ ಮಾಡಲೂ ಆಗದೆ, ಹಿಲ್ಬರ್ಟ್ ಹೆಸರಿನಲ್ಲಿ ಪಾಠ ಮಾಡುತ್ತಿದ್ದವರು. ಅವರ ಗಣಿತ ನನಗೂ ಪೂರ್ತಿ ತಲೆಗೆ ಹೋಗುವುದಿಲ್ಲ. ಆದರೆ ನಮ್ಮ ಬಾವಿಕಟ್ಟೆಯ ಭಾಷೆಯಲ್ಲಿ ಹೀಗೆ ಹೇಳಬಹುದು.

ಭೂಮಿಯ ಎಳೆತ ವಾರಕ್ಕೊಮ್ಮೆ ಬದಲಾಗುತ್ತದೆ ಎಂದುಕೊಳ್ಳಿ. ಶುಕ್ರವಾರ ಎಲ್ಲದರ ಭಾರ ಕಡಿಮೆ, ಸೋಮವಾರ ಜಾಸ್ತಿ. ಆಗ ದೊಡ್ಡಪ್ಪ ಏನು ಮಾಡಬಹುದಿತ್ತು? ಶುಕ್ರವಾರ ಸುಲಭದಲ್ಲಿ ನೂರು ಕೊಡ ನೀರು ಮೇಲೆತ್ತಿ ಟ್ಯಾಂಕು ತುಂಬಿಸಿಟ್ಟು, ಸೋಮವಾರ ಅದನ್ನು ಕೆಳಗೆ ಬಿಟ್ಟರೆ ಆಯಿತು. ಎತ್ತಲು ಹಾಕಿದ್ದಕ್ಕಿಂತ ಹೆಚ್ಚು ಶಕ್ತಿ ವಾಪಸು! ಆ ಹೆಚ್ಚುವರಿ ಎಲ್ಲಿಂದ ಬಂತು? ಕಾಲದಿಂದ. ಅದು ನಿಜವಾದ ಕಾಲಯಂತ್ರ. ಕಾಲಕ್ಕೆ ಕಟ್ಟಿದ ಕಟ್ಟ.

ಆದರೆ ಪ್ರಕೃತಿಯ ನಿಯಮಕ್ಕೆ ಶುಕ್ರವಾರ, ಸೋಮವಾರ ಇಲ್ಲ. ನಿನ್ನೆ ಇದ್ದದ್ದೇ ಇವತ್ತು, ಇವತ್ತಿದ್ದದ್ದೇ ನಾಳೆ. ನಿಯಮ ಕಾಲದೊಂದಿಗೆ ಬದಲಾಗದಿದ್ದರೆ ಶಕ್ತಿಯ ಲೆಕ್ಕವೂ ಬದಲಾಗುವುದಿಲ್ಲ. ನೊಎಥರ್ ತೋರಿಸಿದ್ದು ಇದನ್ನೇ. ಈಗ ಗಳಿಗೆ ಬಟ್ಟಲನ್ನು ನೆನಪಿಸಿಕೊಳ್ಳಿ. ನಮ್ಮ ಹಿರಿಯರು ಅದನ್ನು ನಂಬಿ ಮದುವೆ ಮಾಡಿಸಿದ್ದು ಯಾಕೆ? ನಿನ್ನೆ 24 ನಿಮಿಷಕ್ಕೆ ಮುಳುಗಿದ್ದು ನಾಳೆಯೂ 24 ನಿಮಿಷಕ್ಕೇ ಮುಳುಗುತ್ತದೆ ಎಂಬ ನಂಬಿಕೆಯಿಂದ. ಬಟ್ಟಲನ್ನು ನಂಬಬಹುದು ಎನ್ನುವುದಕ್ಕೆ ಯಾವುದು ಕಾರಣವೋ, ಚಕ್ರ ತಿರುಗುವುದಿಲ್ಲ ಎನ್ನುವುದಕ್ಕೂ ಅದೇ ಕಾರಣ. ತಾನಾಗಿ ತಿರುಗುವ ಚಕ್ರವೂ ಬೇಕು, ನಂಬಿಕಸ್ಥ ಗಡಿಯಾರವೂ ಬೇಕು ಎಂದರೆ ಆಗದು.

ಇದನ್ನು ಓದುವಾಗ ನನಗೆ ಮೂಡಬಿದಿರೆ ನೆನಪಾಯಿತು. ನಮ್ಮ ಊರಿನಿಂದ ದೂರವೇನಲ್ಲ. 1430ರಲ್ಲಿ ಕಟ್ಟಿದ ಸಾವಿರ ಕಂಬದ ಬಸದಿಯನ್ನು ನೀವು ನೋಡಿರುತ್ತೀರಿ. ಅಲ್ಲಿಯ ಸಿದ್ಧಾಂತ ಬಸದಿಯಲ್ಲಿ ಧವಲಾ ಗ್ರಂಥದ ಹಳೆಗನ್ನಡ ಲಿಪಿಯ ತಾಳೆಗರಿಗಳನ್ನು ಶತಮಾನಗಳ ಕಾಲ ಕಾಪಾಡಿಕೊಂಡು ಬಂದರು. ವೀರಸೇನರು 816ರಲ್ಲಿ ಮುಗಿಸಿದ ಆ ವ್ಯಾಖ್ಯಾನ ಅಚ್ಚಾಗಿ ಹೊರಬರಲು ಶುರುವಾದದ್ದು 1939ರಲ್ಲಿ. ಕಾಲದ ಬಗ್ಗೆ ಜೈನರಷ್ಟು ತಲೆ ಕೆಡಿಸಿಕೊಂಡವರು ಕಡಿಮೆ. 48 ನಿಮಿಷದ ಒಂದು ಮುಹೂರ್ತದಲ್ಲಿ 3773 ಉಸಿರು ಎಂದು ಎಣಿಸಿಟ್ಟವರು. ಕಾಲಕ್ಕೇ 12 ಅರೆಗಳ ಚಕ್ರದ ರೂಪ ಕೊಟ್ಟವರು, ಏರುವ ಆರು, ಇಳಿಯುವ ಆರು. ಅವರ ಆರು ದ್ರವ್ಯಗಳಲ್ಲಿ ಕಾಲವೂ ಒಂದು, ಜೀವ ಮತ್ತು ಪುದ್ಗಲಗಳ ಸಾಲಿನಲ್ಲಿ. ಅಂದರೆ ಕಾಲ ಒಂದು ವಸ್ತು!

ಹಾಗಾದರೆ ಆ ವಸ್ತುವಿನಿಂದ ಬಲ ತೆಗೆಯಬಹುದಲ್ಲ ಎಂದು ದೊಡ್ಡಪ್ಪ ಕೇಳುತ್ತಿದ್ದರೋ ಏನೋ. ಅದಕ್ಕೂ ಅಲ್ಲಿ ಉತ್ತರವಿದೆ. ನೇಮಿಚಂದ್ರರ ದ್ರವ್ಯಸಂಗ್ರಹಕ್ಕೆ ವ್ಯಾಖ್ಯಾನ ಬರೆದ ಬ್ರಹ್ಮದೇವ ಒಂದು ಹೋಲಿಕೆ ಕೊಡುತ್ತಾನೆ. ಕಾಲ ಎನ್ನುವುದು ಕುಂಬಾರನ ಚಕ್ರದ ಅಡಿಯಲ್ಲಿರುವ ಕಲ್ಲಿನ ಹಾಗೆ. ಆ ಕಲ್ಲಿಲ್ಲದೆ ಚಕ್ರ ತಿರುಗಲಾರದು. ಆದರೆ ಕಲ್ಲು ಚಕ್ರವನ್ನು ತಿರುಗಿಸುವುದಿಲ್ಲ. ತಿರುಗಿಸುವುದು ಕುಂಬಾರನ ಕೋಲು. ಕಾಲ ಎಲ್ಲ ಬದಲಾವಣೆಗೂ ಆಸರೆ, ಆದರೆ ಯಾವುದನ್ನೂ ದೂಡುವುದಿಲ್ಲ. ಇದು ಭೌತಶಾಸ್ತ್ರ ಅಂತ ನಾನು ಹೇಳುವುದಿಲ್ಲ. ಹಾಗೆ ಹೇಳಿದರೆ ನಾನೂ ಆ ಕಟಿಂಗ್ ಬರೆದವರ ಸಾಲಿಗೆ ಸೇರಿದಂತೆ. ಅದು ತತ್ವ, ಬೇರೆ ಕಾರಣಕ್ಕೆ, ಬೇರೆ ದಾರಿಯಲ್ಲಿ ಬಂದದ್ದು. ಆದರೂ ಚಕ್ರದ ಕೆಳಗಿನ ಕಲ್ಲಿನ ಚಿತ್ರ ಮನಸ್ಸಿನಲ್ಲಿ ಕೂತುಬಿಟ್ಟಿತು. ದೊಡ್ಡಪ್ಪ ಹನ್ನೆರಡು ವರ್ಷ ಆ ಕಲ್ಲು ಬಂದು ಚಕ್ರ ದೂಡಲಿ ಎಂದು ಕಾದರು.

ಹಾಗಂತ ಅವರ ಆಸೆ ಪೂರ್ತಿ ಹುಚ್ಚೂ ಅಲ್ಲ. ಕಾಲ ಶಕ್ತಿ ಕೊಡುವುದಿಲ್ಲ, ಆದರೆ ಕಾಲ ಕಳೆದಂತೆ ಸುತ್ತಲಿನದ್ದೆಲ್ಲ ಬದಲಾಗುತ್ತದಲ್ಲ, ಆ ಬದಲಾವಣೆಯನ್ನು ಹಿಡಿಯಬಹುದು. 1760ರ ದಶಕದಲ್ಲಿ ಲಂಡನ್ನಿನ ಜೇಮ್ಸ್ ಕಾಕ್ಸ್, ಜೋಸೆಫ್ ಮರ್ಲಿನ್ ಜೊತೆ ಸೇರಿ, ಯಾರೂ ಕೀ ಕೊಡಬೇಕಾಗಿಲ್ಲದ ಗಡಿಯಾರ ಮಾಡಿದ. ಅದರೊಳಗೆ ಸುಮಾರು 68 ಕಿಲೋ ಪಾದರಸ! ಗಾಳಿಯ ಒತ್ತಡ ಏರಿಳಿದಂತೆ ಪಾದರಸ ಆಚೀಚೆ ಹೋಗಿ ಗಡಿಯಾರದ ತೂಕವನ್ನು ಮೇಲೆತ್ತುತ್ತಿತ್ತು. ಅದು ಈಗ ಲಂಡನ್ನಿನ ವಿಕ್ಟೋರಿಯಾ ಅಂಡ್ ಆಲ್ಬರ್ಟ್ ಮ್ಯೂಸಿಯಂ ಪಾಲಾಗಿದೆ, ಪಾದರಸ ತೆಗೆದಿರುವುದರಿಂದ ನಡೆಯುವುದಿಲ್ಲ. ನ್ಯೂಜಿಲೆಂಡಿನ ಡನೀಡಿನ್‌ನಲ್ಲಿ 1864ರ ಬೆವರ್ಲಿ ಗಡಿಯಾರ ಹಗಲು ರಾತ್ರಿಯ ಉಷ್ಣತೆಯ ವ್ಯತ್ಯಾಸದಿಂದ ನಡೆಯುವಂಥದ್ದು. 1928ರಲ್ಲಿ ಜಾನ್ ಲಿಯೋನ್ ರೋಯ್ಟರ್ ಮಾಡಿದ ಆಟ್ಮಾಸ್ ಗಡಿಯಾರಕ್ಕೆ ಒಂದು ಡಿಗ್ರಿ ಸೆಖೆ ಏರಿಳಿದರೆ ಸುಮಾರು ಎರಡು ದಿನಕ್ಕೆ ಸಾಕು. ನೋಡಿದವರಿಗೆ ತಾನಾಗಿ ನಡೆದಂತೆ ಕಾಣುತ್ತದೆ. ನಡೆಸುವುದು ಹವೆ, ಹವೆಯ ಹಿಂದೆ ಸೂರ್ಯ. ಎಲ್ಲವೂ ಸಾಪೇಕ್ಷ.

ನಮ್ಮಲ್ಲೂ ಹಾಗೇ. ಶಂಭೂರಿನಲ್ಲಿ ನೇತ್ರಾವತಿಗೆ ಅಡ್ಡ ಕಟ್ಟಿ ಕರೆಂಟು ತೆಗೆಯುತ್ತಾರೆ. ಬೆಳ್ತಂಗಡಿ ಕಡೆ ಘಟ್ಟದ ಬುಡದ ಕೆಲವು ಮನೆಗಳಲ್ಲಿ ತೋಡಿನ ನೀರನ್ನು ಪೈಪಿನಲ್ಲಿ ಇಳಿಸಿ ಚಿಕ್ಕ ಟರ್ಬೈನಿನಿಂದ ಮಳೆಗಾಲದಲ್ಲಿ ಬಲ್ಬು ಉರಿಸುತ್ತಾರೆ. ಕಾಲಕ್ಕೆ ಕಟ್ಟ ಕಟ್ಟಲಾಗಲಿಲ್ಲ, ಮಳೆಗಾಲಕ್ಕೆ ಕಟ್ಟಬಹುದು. ದೊಡ್ಡಪ್ಪನ ಮನೆಯ ಹಿಂದೆಯೂ ಗುಡ್ಡದಿಂದ ಇಳಿಯುವ ಒಂದು ತೋಡಿದೆ. ಹನ್ನೆರಡು ವರ್ಷ ಅವರು ಚಕ್ರಕ್ಕೆ ಗುಂಡು ತುಂಬುತ್ತಾ ಕೂತ ಜಾಗಕ್ಕೆ ಆ ತೋಡಿನ ಸದ್ದು ಕೇಳುತ್ತದೆ.

ಅದೇ ಅಧ್ಯಾಯದ ಆರಂಭದಲ್ಲಿ ಭಾಸ್ಕರಾಚಾರ್ಯರು ಹತ್ತು ಯಂತ್ರಗಳ ಪಟ್ಟಿ ಕೊಡುತ್ತಾರೆ. ಗೋಲ, ಶಂಕು, ಘಟೀ, ಚಕ್ರ, ಫಲಕ ಇತ್ಯಾದಿ. ಹತ್ತನೆಯದು ಧೀ ಯಂತ್ರ, ಅಂದರೆ ಬುದ್ಧಿ. ನಿಜವಾದ ಯಂತ್ರ ಅದೊಂದೇ ಎಂದೂ ಹೇಳುತ್ತಾರೆ. ಕಟಿಂಗಿನಲ್ಲಿ ಇದೂ ಇರಲಿಲ್ಲ. ದೊಡ್ಡಪ್ಪನಿಗೆ ಬುದ್ಧಿ ಇರಲಿಲ್ಲ ಎಂದು ನಾನು ಹೇಳಲಾರೆ. ನೋಟ್‌ಬುಕ್ಕಿನ ತುಂಬ ಲೆಕ್ಕಗಳಿವೆ, ಪ್ರತಿ ಪ್ರಯೋಗಕ್ಕೂ ಎಷ್ಟು ಸುತ್ತು ತಿರುಗಿತು ಎಂದು ತಾರೀಕು ಹಾಕಿ ಬರೆದಿದ್ದಾರೆ. 11, 14, 13, 15... ಒಂದು ಕಡೆಯೂ ಸುಳ್ಳು ಬರೆದಿಲ್ಲ. ಇಂಜಿನಿಯರಿಂಗ್ ಲ್ಯಾಬಿನಲ್ಲಿ ರೀಡಿಂಗ್ ತಿದ್ದಿದ ನಾನು ಅದನ್ನು ನೋಡಿ ತಲೆ ತಗ್ಗಿಸಬೇಕಾಯಿತು.

ಜುಲೈಯಲ್ಲಿ ಮತ್ತೊಮ್ಮೆ ಊರಿಗೆ ಹೋಗಿದ್ದೆ. ಜೋರು ಮಳೆ. ಅಣ್ಣನ ಮಗ, ಆರನೇ ಕ್ಲಾಸು, ಚಕ್ರದ ಪೈಪುಗಳನ್ನೆಲ್ಲ ಬಿಚ್ಚಿ ಹಾಕಿದ್ದ. ಬೈಯೋಣ ಅಂತ ಹೋದರೆ, ಅವುಗಳ ಜಾಗದಲ್ಲಿ ತೆಂಗಿನ ಗೆರಟೆಗಳನ್ನು ಕಟ್ಟುತ್ತಾ ಕೂತಿದ್ದ. ನಾನೂ ಕೈ ಹಾಕಿದೆ. ಇಬ್ಬರೂ ಸೇರಿ ಅದನ್ನು ಮಾಡಿನ ದಂಬೆಯ ನೀರು ಬೀಳುವಲ್ಲಿ ಎರಡು ಗೂಟ ನೆಟ್ಟು ಕೂರಿಸಿದೆವು.

ತಿರುಗಿತು. ಮಧ್ಯಾಹ್ನ ಊಟ ಮುಗಿಸಿ ಬಂದಾಗಲೂ ತಿರುಗುತ್ತಿತ್ತು. ರಾತ್ರಿ ಮಲಗುವಾಗಲೂ ಸದ್ದು ಕೇಳುತ್ತಿತ್ತು. ದೊಡ್ಡಮ್ಮ ಜಗಲಿಯಲ್ಲಿ ಕೂತು ಬಹಳ ಹೊತ್ತು ನೋಡಿದರು, ಏನೂ ಹೇಳಲಿಲ್ಲ. ಮಳೆ ಬಿಟ್ಟರೆ ನಿಲ್ಲುತ್ತದೆ, ಬಂದರೆ ಮತ್ತೆ ಶುರು. ಭಾಸ್ಕರಾಚಾರ್ಯರ ಲೆಕ್ಕದಲ್ಲಿ ಸಾಪೇಕ್ಷ, ಆದ್ದರಿಂದ ಗ್ರಾಮ್ಯ.

ಇರಲಿ ಬಿಡಿ, ನಾವೂ ಗ್ರಾಮ್ಯರೇ.